ಶಾರೀರ ಸಾಧನೆ

ಶಾಸ್ತ್ರೀಯ ಗಾಯನಕ್ಕೆ ಕಂಠವನ್ನು ಹದಗೊಳಿಸುವ ಅಭ್ಯಾಸ. ಪಾಶ್ಚಾತ್ಯ ಒಪೆರಾದಲ್ಲಿ ಸೊಪ್ರಾನೊ, ಟೆನರ್, ಬಾಸ್ ಎಂದು ಕಂಠಗಳನ್ನು ವಿಂಗಡಿಸಿ ಅದಕ್ಕೆ ತಕ್ಕ ಪಾತ್ರ ಕೊಡುತ್ತಾರೆ. ಕರ್ನಾಟಕ ಸಂಗೀತದಲ್ಲಿ ಕೃತಿ ಎಲ್ಲರಿಗೂ ಒಂದೇ. ಬದಲಾಗುವುದು ಆಧಾರ ಶ್ರುತಿ. ಸಾಮಾನ್ಯವಾಗಿ ಗಂಡಸರು (ಹಾರ್ಮೋನಿಯಂ ಮನೆಗಳ ಎಣಿಕೆಯಲ್ಲಿ) 1ರಿಂದ 2½ನೇ ಮನೆಯಲ್ಲಿ, ಹೆಂಗಸರು 4½ರಿಂದ 6ನೇ ಮನೆಯಲ್ಲಿ ಹಾಡುತ್ತಾರೆ. ಮಂದ್ರ ಪಂಚಮದಿಂದ ತಾರ ಪಂಚಮದವರೆಗೆ ಗಂಟಲು ಬಿಗಿಯದೆ ಸಂಚರಿಸಬಲ್ಲ ಶ್ರುತಿಯೇ ಸರಿಯಾದ ಶ್ರುತಿ.

ಮಾಯಾಮಾಳವಗೌಳ ರಾಗದ ಸರಳೆ, ಜಂಟಿ ವರಸೆಗಳನ್ನು ಮೂರು ಕಾಲಗಳಲ್ಲಿ (ವೇಗಗಳಲ್ಲಿ) ಹಾಡುವುದು, ಅಕಾರ ಸಾಧನೆ, ಬೆಳಗಿನ ಮಂದ್ರ ಸಾಧನೆ ಶಾರೀರ ಸಾಧನೆಯ ಅಡಿಪಾಯ. ಈ ಪಾಠಕ್ರಮವನ್ನು ಸಂಪ್ರದಾಯವು ಪುರಂದರದಾಸರದೆಂದು ಗೌರವಿಸುತ್ತದೆ. ಬೆಂಗಳೂರಿನ ರಾಜಾಜಿನಗರ, ವಿಜಯನಗರ, ಕೆಂಗೇರಿಯಂಥ ಬಡಾವಣೆಗಳ ಮನೆಪಾಠದಲ್ಲಿ ಹುಡುಗ ಹುಡುಗಿಯರನ್ನು ಒಟ್ಟಿಗೆ ಕೂರಿಸಿ ಒಂದೇ ಶ್ರುತಿಯಲ್ಲಿ ಹಾಡಿಸುವುದು ಅನುಕೂಲವೇನೋ ಹೌದು, ಆದರೆ ಕಂಠಕ್ಕೆ ಒಳ್ಳೆಯದಲ್ಲ. ಹದಿಹರೆಯದಲ್ಲಿ ದನಿ ಒಡೆಯುವ ಹುಡುಗರಿಗೆ ಶ್ರುತಿ ಇಳಿಸಿ, ತಾರಸ್ಥಾಯಿಯ ಒತ್ತಾಯವನ್ನು ಕೆಲಕಾಲ ಬಿಡಲೇಬೇಕು. ಆ ವಯಸ್ಸಿನಲ್ಲಿ ಸಂಗೀತವನ್ನೇ ನಿಲ್ಲಿಸುವ ಅಗತ್ಯವಿಲ್ಲ.

ದನಿ ಬದಲಾದರೂ ಗಾಯನ ಉಳಿಯುತ್ತದೆಂಬುದಕ್ಕೆ ಹುಬ್ಬಳ್ಳಿಯ ಗಂಗೂಬಾಯಿ ಹಾನಗಲ್ (1913–2009) ದೊಡ್ಡ ನಿದರ್ಶನ. ಗಂಟಲಿನ ಚಿಕಿತ್ಸೆಯ ನಂತರ ಗಡುಸಾದ ಅವರ ದನಿಯೇ ಹಿಂದುಸ್ತಾನಿ ಸಂಗೀತದ ಕಿರಾನಾ ಘರಾನೆಯಲ್ಲಿ ಅವರ ಗುರುತಾಯಿತು.