ಅತಿಥಿಗೂ ನೆಂಟನಿಗೂ ನಡುವೆ

‘ಅತಿಥಿ’ ಪದ ಹುಟ್ಟಿದ್ದು ಹೇಗೆಂದು ನಿರುಕ್ತಕಾರ ಯಾಸ್ಕನೇ ಎರಡು ಬಗೆಯಲ್ಲಿ ಹೇಳಿದ್ದಾನೆ: ಮನೆಗಳತ್ತ ನಡೆದುಬರುವವನು, ಇಲ್ಲವೇ ತಿಥಿಗಳಂದು ಪರರ ಮನೆಗೆ ಬರುವವನು. ತಿಥಿ ಗೊತ್ತುಮಾಡದೆ ಬರುವವನೆಂಬ ಜನಪ್ರಿಯ ವಿವರಣೆ ಬೇರೆ. ಭಾಷಾವಿಜ್ಞಾನಿಗಳು ಅಲೆದಾಟದ ಅರ್ಥವುಳ್ಳ ‘ಅತ್’ ಧಾತುವಿನತ್ತ ಬೊಟ್ಟು ಮಾಡುತ್ತಾರೆ. ಋಗ್ವೇದದಲ್ಲಿ ಮನೆಮನೆಯ ಅಗ್ನಿಯೂ ಅತಿಥಿಯೇ. ಮನುಸ್ಮೃತಿ ಮಾತ್ರ ಕಚೇರಿಯ ಗತ್ತಿನಲ್ಲಿ ಅವಧಿಯನ್ನೇ ಬರೆದಿಟ್ಟಿತು: ಒಂದು ರಾತ್ರಿ ತಂಗುವವನು, ಇರುವಿಕೆ ನಿತ್ಯವಲ್ಲ, ಆದ್ದರಿಂದ ಅತಿಥಿ.

ಮನೆಗೆ ಬಂದವರಿಗೆ ಕನ್ನಡದ್ದೇ ಮಾತು ‘ನೆಂಟ’. ಅದರ ಬೇರು ನಂಟು, ಅಂದರೆ ಸಂಬಂಧ. ಅತಿಥಿಗೆ ಸತ್ಕಾರ ಸಲ್ಲುತ್ತದೆ. ನೆಂಟ ಹಕ್ಕಿನಿಂದ ಮುನಿಸಿಕೊಳ್ಳಲೂಬಹುದು. ‘ಗೆಸ್ಟ್ ಲೆಕ್ಚರರ್’ ಕನ್ನಡದ ಕಡತಕ್ಕೆ ಬಂದಾಗ ಯಾರೂ ‘ನೆಂಟ ಉಪನ್ಯಾಸಕ’ ಎನ್ನಲಿಲ್ಲ. ಎಂದಿದ್ದರೆ ನಗು ಬರುತ್ತಿತ್ತು, ನಿಜ. ಸರ್ಕಾರಿ ವಕೀಲರಿಗೆ ಇಕ್ಕಟ್ಟೂ ಆಗುತ್ತಿತ್ತು, ಏಕೆಂದರೆ ಇಂಥ ಉಪನ್ಯಾಸಕರ ಬಗ್ಗೆ ಕೋರ್ಟಿನಲ್ಲಿ ನಡೆಯುವ ವ್ಯಾಜ್ಯವೆಲ್ಲ ನಂಟಿನದೇ.

ಹಿಂದೆ ಒಂದು ವಿಶೇಷ ಉಪನ್ಯಾಸ ಕೊಟ್ಟು, ಹಾರ ಹಾಕಿಸಿಕೊಂಡು ಸಂಜೆಯ ಬಸ್ಸು ಹಿಡಿಯುವವರು ಕಾಲೇಜಿನ ಅತಿಥಿಗಳಾಗಿದ್ದರು. ವರ್ಷವಿಡೀ ವೇಳಾಪಟ್ಟಿ ಎಳೆಯುವ ಹಂಗಾಮಿ ಮೇಷ್ಟ್ರುಗಳಿಗೆ ಬೇರೆ ಹೆಸರುಗಳಿದ್ದವು; ಕರ್ನಾಟಕದ ಖಾಸಗಿ ಕಾಲೇಜುಗಳಲ್ಲಿ ಅವರು ‘ಸ್ಟಾಪ್ ಗ್ಯಾಪ್’ ಉಪನ್ಯಾಸಕರು. ಮೂರು ತಿಂಗಳ ನೇಮಕ, ಒಂದೆರಡು ದಿನ ಬಿಡುವು, ಮತ್ತೆ ಮೂರು ತಿಂಗಳು. ಸಂಬಳವೋ, ಕಾಯಂ ನೌಕರನ ಕನಿಷ್ಠಕ್ಕಿಂತ ಹತ್ತು ರೂಪಾಯಿ ಕಡಿಮೆ! ಆ ಹತ್ತು ರೂಪಾಯಿ ಉಳಿತಾಯಕ್ಕಾಗಿ ಅಲ್ಲ, ನೀನು ಮನೆಯವನಲ್ಲ ಎಂದು ಗುರುತು ಹಾಕಲಿಕ್ಕೆ ಎಂದೇ ನನ್ನ ಗುಮಾನಿ. 1992ರಲ್ಲಿ ಸುಪ್ರೀಂ ಕೋರ್ಟು ನಡುವಿನ ಬಿಡುವನ್ನೂ ಸೇವೆಯೊಳಗೇ ಎಣಿಸಿ, ಮೂರು ವರ್ಷ ದುಡಿದವರನ್ನು ಕಾಯಂ ಮಾಡಲು ಹೇಳಿತು.

2006ರಲ್ಲಿ ಅದೇ ಕೋರ್ಟಿನ ಉಮಾದೇವಿ ತೀರ್ಪಿನಿಂದ ಗಾಳಿ ತಿರುಗಿತು. ಆ ಪ್ರಕರಣವೂ ಕರ್ನಾಟಕದ್ದೇ. ಕಕ್ಷಿದಾರರು ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿಗಳು. ಎಷ್ಟು ಕಾಲ ದುಡಿದರೂ ಅಷ್ಟರಿಂದಲೇ ಕಾಯಂ ಆಗುವ ಹಕ್ಕು ಹುಟ್ಟದು ಎಂದಿತು ಸಂವಿಧಾನ ಪೀಠ. ಮಂಜೂರಾದ ಹುದ್ದೆಯಲ್ಲಿ, ಕೋರ್ಟಿನ ತಡೆಯಾಜ್ಞೆಯ ಆಸರೆಯಿಲ್ಲದೆ ಹತ್ತು ವರ್ಷ ಕಳೆದ ಅರ್ಹರಿಗೆ ಒಮ್ಮೆಗೆ ಮಾತ್ರ ವಿನಾಯಿತಿ ಕೊಟ್ಟಿತು. ಅಲ್ಲಿಂದೀಚೆಗೆ ಕಾಲೇಜಿನ ಮೊಕದ್ದಮೆಗಳಲ್ಲೂ ಸರ್ಕಾರದ ಮೊದಲ ಉತ್ತರ ಉಮಾದೇವಿಯೇ.

ಈ ನಡುವೆ ಹಂಗಾಮಿ ಮೇಷ್ಟ್ರುಗಳೇ ‘ಅತಿಥಿ’ಗಳಾಗಿದ್ದರು. 2022ರ ಏಪ್ರಿಲಿನಲ್ಲಿ ಮಧ್ಯಪ್ರದೇಶದ ಅತಿಥಿ ಉಪನ್ಯಾಸಕರ ಮೊಕದ್ದಮೆಯಲ್ಲಿ ಪದಕ್ಕೆ ಹೊಸದೊಂದು ಅರ್ಥ ಅಂಟಿತು. ಆಯ್ಕೆ ಪ್ರಕ್ರಿಯೆ ದಾಟಿ ಬಂದ ಅತಿಥಿಯನ್ನು ಕಳಿಸಿ ಆ ಜಾಗಕ್ಕೆ ಇನ್ನೊಬ್ಬ ಅತಿಥಿಯನ್ನು ತರುವಂತಿಲ್ಲ. ಕಾಯಂ ಆಯ್ಕೆಯಾದವರು ಬರುವ ತನಕ ಇದ್ದವರೇ ಇರಲಿ ಎಂದಿತು ಸುಪ್ರೀಂ ಕೋರ್ಟು.

ಅದೇ ವರ್ಷ ನಮ್ಮ ಸರ್ಕಾರಿ ಪದವಿ ಕಾಲೇಜುಗಳಲ್ಲಿ ಅತಿಥಿಗಳ ವಾರದ ಕಾರ್ಯಭಾರ 8ರಿಂದ 15 ಗಂಟೆಗೆ ಏರಿ, ಗೌರವಧನ ಎರಡು ಪಟ್ಟು ಮೀರಿತ್ತು. (ಸಂಬಳ ಎಂದರೆ ಮತ್ತೆ ನಂಟಿನ ಮಾತು ಬಂದೀತಲ್ಲ!) 2023ರ ಕೊನೆಗೆ ಅವರು ತರಗತಿ ಬಿಟ್ಟು ಧರಣಿ ಕೂತದ್ದು ಸೇವೆ ಕಾಯಂ ಮಾಡಿ ಎಂದು. ಕಾಯಂ ಆಗಲಿಲ್ಲ. ಗೌರವಧನ ಇನ್ನಷ್ಟು ಏರಿತು, ತಿಂಗಳಿಗೊಂದು ರಜೆ ಬಂತು, 60 ತುಂಬಿ ಹೊರಡುವವರಿಗೆ 5 ಲಕ್ಷ ರೂಪಾಯಿಯವರೆಗೆ ಇಡಿಗಂಟಿನ ಘೋಷಣೆಯೂ ಆಯಿತು. ಹೀಗೆ ಕನ್ನಡದ ಅತಿಥಿಗೆ ನಿವೃತ್ತಿಯ ವಯಸ್ಸೂ ಗೊತ್ತಾಯಿತು.