ಏಣಾಕ್ಷಿಯ ಎರಡನೆಯ ಹೆಸರು

ಕನ್ನಡ ನಾಡಿನ ಮೂಕಿಚಿತ್ರಗಳ ಪಟ್ಟಿಗಳಲ್ಲಿ 1931ರ ಒಂದು ಚಿತ್ರ ಎರಡು ಹೆಸರಿನಲ್ಲಿ ಸಿಗುತ್ತದೆ. ಕೆಲವು ಕಡೆ ‘ವಸಂತಸೇನಾ’, ಕೆಲವು ಕಡೆ ‘ಮೃಚ್ಛಕಟಿಕ’. ನಿರ್ದೇಶಕ ಮೋಹನ್ ದಯಾರಾಮ್ ಭವನಾನಿ. ನಾನು ಹುಡುಕುತ್ತಿದ್ದುದು ಅದರ ನಾಯಕಿಯನ್ನು. ಶೂದ್ರಕನ ಸಂಸ್ಕೃತ ನಾಟಕದ ಗಣಿಕೆ ವಸಂತಸೇನೆಯಂಥ ಹೆಸರಾಂತ ಪಾತ್ರ ಸಿಕ್ಕಿದ್ದ ಏಣಾಕ್ಷಿ ರಾಮರಾವ್ ಆಮೇಲೆ ಏನಾದರು?

ಅವರ ಹಿಂದಿನ ಚಿತ್ರ ಬೇಗ ಸಿಕ್ಕಿತು. 1928ರ ‘ಶಿರಾಜ್’. ಜರ್ಮನಿಯ ಫ್ರಾಂಝ್ ಆಸ್ಟೆನ್ ನಿರ್ದೇಶನ, ಹಿಮಾಂಶು ರಾಯ್ ನಾಯಕ. ಕುಂಬಾರನ ಮನೆಯಲ್ಲಿ ಶಿರಾಜನ ಜೊತೆ ಬೆಳೆದ ಸೆಲೀಮಾ ಮುಂದೆ ಮುಮ್ತಾಜ್ ಮಹಲ್ ಆಗುತ್ತಾಳೆ. ಅವಳನ್ನು ಪ್ರೀತಿಸಿದ ಶಿರಾಜ್ ಅವಳ ಸಮಾಧಿಗೆ ತಾಜಮಹಲಿನ ರೂಪ ಕಲ್ಪಿಸುತ್ತಾನೆ. ಮುಮ್ತಾಜ್ ಪಾತ್ರ ಏಣಾಕ್ಷಿಯವರದು. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಈ ಚಿತ್ರದ ಪ್ರತಿಯನ್ನು ಜೀರ್ಣೋದ್ಧಾರ ಮಾಡಿ, ಅನುಷ್ಕಾ ಶಂಕರ್ ಅವರ ಹೊಸ ಸಂಗೀತದೊಂದಿಗೆ 2017ರಲ್ಲಿ ತೆರೆಗೆ ತಂದಿತು. ಹಾಗಾಗಿ ಏಣಾಕ್ಷಿಯವರ ಮುಖವನ್ನು ಇಂದೂ ನೋಡಬಹುದು.

ಆದರೆ ಮುಂದಿನ ಜಾಡು ಕಡಿದುಹೋಯಿತು. ಮಾತಿನ ಚಿತ್ರಗಳ ಪಟ್ಟಿಗಳಲ್ಲಿ ‘ರಾಮರಾವ್’ ಎಂಬ ಹೆಸರಿನಡಿ ಎಷ್ಟು ತಡಕಿದರೂ ಕೈಗೆ ಹತ್ತಲಿಲ್ಲ. ತಪ್ಪು ನನ್ನದೇ. ಅವರು ಭವನಾನಿಯವರನ್ನು ಮದುವೆಯಾಗಿದ್ದರು ಎಂಬ ಒಂದು ಸಾಲನ್ನು ಓದಿ ಮುಂದೆ ಹೋಗಿದ್ದೆನೇ ಹೊರತು ಅದನ್ನು ಬಿಡಿಸಿ ನೋಡಿರಲಿಲ್ಲ. ಸಿನಿಮಾ ಕಪಾಟು ಬಿಟ್ಟು ನೃತ್ಯದ ಕಪಾಟಿಗೆ ಬಂದಾಗ ದಪ್ಪನೆಯ ಪುಸ್ತಕವೊಂದರ ಬೆನ್ನಿನ ಮೇಲೆ ಅವರು ಸಿಕ್ಕರು: ಏಣಾಕ್ಷಿ ಭವನಾನಿ. ‘ದಿ ಡಾನ್ಸ್ ಇನ್ ಇಂಡಿಯಾ’, 1965. ಶಾಸ್ತ್ರೀಯ ನೃತ್ಯವಷ್ಟೇ ಅಲ್ಲ, ಜನಪದ ಮತ್ತು ಬುಡಕಟ್ಟು ಕುಣಿತಗಳನ್ನೂ ಒಳಗೊಂಡ ಗ್ರಂಥ. ಆಮೇಲೆ ಭಾರತದ ಅಲಂಕಾರ ವಿನ್ಯಾಸ, ಕರಕುಶಲತೆಗಳ ಮೇಲೊಂದು ಪುಸ್ತಕ. 1974ರಲ್ಲಿ ಜನಪದ ಮತ್ತು ಬುಡಕಟ್ಟು ವಿನ್ಯಾಸಗಳ ಮೇಲೆ ಇನ್ನೊಂದು. ಪರದೆಯ ಮೇಲೆ ಕೆಲವೇ ವರ್ಷ ಇದ್ದವರು ಕುಣಿಯುವ ಕಾಲುಗಳನ್ನೂ ಕೆತ್ತುವ, ನೇಯುವ ಕೈಗಳನ್ನೂ ದಾಖಲಿಸುತ್ತ ಕೂತಿದ್ದರು.

ಅದೇ ಚಿತ್ರದ ನಟವರ್ಗದಲ್ಲಿನ ಇನ್ನೊಂದು ಹೆಸರಿನ ಕಡೆಗೆ ಆಗ ಗಮನ ಹೋಯಿತು. ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯರೂ ‘ವಸಂತಸೇನಾ’ದಲ್ಲಿ ನಟಿಸಿದ್ದರು. ಗೌರವಸ್ಥ ಮನೆತನದ ಹೆಣ್ಣುಮಕ್ಕಳು ಸಿನಿಮಾಕ್ಕೆ ಬರುವುದೇ ಅಪರೂಪವಾಗಿದ್ದ ಕಾಲ ಅದು. ಕಮಲಾದೇವಿ 1926ರಲ್ಲಿ ಮದರಾಸು ಶಾಸನಸಭೆಗೆ ನಿಂತು ಸ್ವಲ್ಪದರಲ್ಲಿ ಸೋತವರು, 1930ರ ಉಪ್ಪಿನ ಸತ್ಯಾಗ್ರಹದಲ್ಲಿ ಜೈಲು ಕಂಡವರು. 1952ರಲ್ಲಿ ಅಖಿಲ ಭಾರತ ಕರಕುಶಲ ಮಂಡಳಿಯ ನೇತೃತ್ವ ವಹಿಸಿ ಊರೂರಿನ ಕುಶಲಕರ್ಮಿಗಳನ್ನು ಹುಡುಕಿಕೊಂಡು ಹೋದರು. ಒಂದೇ ಮೂಕಿಚಿತ್ರದ ಇಬ್ಬರು ಹೆಂಗಸರು, ಬೇರೆ ಬೇರೆ ದಾರಿಯಲ್ಲಿ, ಬಂದು ನಿಂತದ್ದು ಕಸುಬಿನವರ ಜಗಲಿಯ ಮುಂದೆ.

ಇಷ್ಟನ್ನು ಟಿಪ್ಪಣಿ ಮಾಡಿಕೊಂಡ ಮೇಲೆ ಕಾಗದ ಸಾಕೆನಿಸಿತು. ನೃತ್ಯವೂ ಕುಶಲಕಲೆಯೂ ಒಂದೇ ಕಲ್ಲಿನಲ್ಲಿ ಕೂಡಿರುವ ಜಾಗ ನೋಡಬೇಕಿತ್ತು. ಅರಸೀಕೆರೆ ಜಂಕ್ಷನ್ನಿನಲ್ಲಿ ರೈಲಿಳಿದು, 1220ರ ಈಶ್ವರ ದೇವಾಲಯದ ನಕ್ಷತ್ರಾಕಾರದ ಮಂಟಪಕ್ಕೊಂದು ಸುತ್ತು ಹಾಕಿ, ಬಾಣಾವರ, ಜಾವಗಲ್ಲಿನ ದಾರಿಯಲ್ಲಿ ಹಳೇಬೀಡಿಗೆ ಬಂದೆ. ಮರುದಿನ ಬೇಲೂರು.

ಬೇಲೂರಿನಲ್ಲಿ ಎಲ್ಲರ ಬಾಯಲ್ಲೂ ಐತಿಹ್ಯದ ಶಿಲ್ಪಿ ಜಕಣಾಚಾರಿ. ಮಗ ಡಂಕಣ ವಿಗ್ರಹದ ಕಲ್ಲಿನೊಳಗೆ ಕಪ್ಪೆ ತೋರಿಸಿದ್ದು, ತಂದೆ ಮಾತಿಗೆ ಕಟ್ಟುಬಿದ್ದು ಬಲಗೈ ಕಡಿದುಕೊಂಡದ್ದು, ಕೈದಾಳದಲ್ಲಿ ಆ ಕೈ ಮರಳಿ ಬಂದದ್ದು. 1964ರಲ್ಲಿ ಬಿ. ಎಸ್. ರಂಗಾ ಈ ಕಥೆಯನ್ನು ಬಣ್ಣದಲ್ಲಿ ತೆಗೆದರು, ಕಲ್ಯಾಣ್‌ಕುಮಾರ್ ಜಕಣಾಚಾರಿ. ‘ಶಿರಾಜ್’ ಕಥೆ ಆಗ ನೆನಪಾಗಿ ಮೈ ಜುಮ್ಮೆಂದಿತು. ಅಲ್ಲಿ ಶಿಲ್ಪಿಯ ಕಣ್ಣು ಹೋಗುತ್ತದೆ, ಇಲ್ಲಿ ಕೈ. ದೊಡ್ಡ ಕಟ್ಟಡಕ್ಕೆ ಒಬ್ಬನೇ ಶಿಲ್ಪಿ ಬೇಕು, ಅವನು ನೋಯಲೂ ಬೇಕು ಎಂದು ಜನಮನ ಬಯಸುತ್ತದೆ.

ಆದರೆ ಕಲ್ಲಿನ ಲೆಕ್ಕ ಬೇರೆ. ಹೊಯ್ಸಳ ದೊರೆ ವಿಷ್ಣುವರ್ಧನ 1117ರಲ್ಲಿ ಪ್ರತಿಷ್ಠೆ ಮಾಡಿಸಿದ ಬೇಲೂರಿನ ಗುಡಿಯ ಮದನಿಕೆ ಶಿಲ್ಪಗಳ ಪಾದದಡಿ ಕೆತ್ತಿದವರ ಹೆಸರುಗಳಿವೆ. ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ, ಗದುಗಿನ ನಾಗೋಜ. ಹಳೇಬೀಡಿನ ಗೋಡೆಗಳಲ್ಲೂ ಶಿಲ್ಪಿಗಳ ರುಜು ಸಿಗುತ್ತದೆ. ಇಂಥ ಬರಹಗಳನ್ನು ಓದಿ ದಾಖಲಿಸಿದವರೂ ಇದ್ದಾರೆ: 1902ರಲ್ಲಿ ಬಿ. ಎಲ್. ರೈಸ್ ಹಾಸನ ಜಿಲ್ಲೆಯ ಶಾಸನಗಳ ಸಂಪುಟ ಹೊರತಂದರು, 1919ರಲ್ಲಿ ಆರ್. ನರಸಿಂಹಾಚಾರ್ಯರು ಬೇಲೂರಿನ ಗುಡಿಯ ಮೇಲೆ ಪುಸ್ತಕ ಬರೆದರು. ಕನ್ನಡಿ ಹಿಡಿದ ಸುಂದರಿಯ ಮುಖದಲ್ಲೇ ನಿಲ್ಲುವ ಕಣ್ಣು ಒಂದಿಷ್ಟು ಕೆಳಗಿಳಿದರೆ, ಬಳಪದ ಕಲ್ಲನ್ನು ಕಡೆದವನ ಊರು ಕೇರಿ ಸಮೇತ ಗುರುತು ಸಿಗುತ್ತದೆ.

ಏಣಾಕ್ಷಿಯವರ ವಿಷಯದಲ್ಲಿ ನಾನು ಮಾಡಿದ್ದೂ ಇದೇ ತಪ್ಪು. ವಸಂತಸೇನೆಯ ಮುಖದಲ್ಲೇ ನಿಂತಿದ್ದೆ. ಪಾತ್ರ ಕೆಲವು ದಿನದ್ದು. ಅವರ ದುಡಿಮೆ ಇದ್ದದ್ದು ಬೇರೆ ಕಡೆ, ಬೇರೆ ಹೆಸರಿನಲ್ಲಿ. ಮದುವೆಯಾಗಿ ಹೆಸರು ಬದಲಾದ ಎಷ್ಟು ಹೆಣ್ಣುಮಕ್ಕಳ ಬದುಕು ನಮ್ಮ ದಾಖಲೆಗಳಲ್ಲಿ ಹೀಗೆ ಎರಡು ತುಂಡಾಗಿ ಬಿದ್ದಿದೆಯೋ ಎಂದು ಸಂಕಟವಾಗುತ್ತದೆ.

ಬೇಲೂರಿನ ಬಸ್ ನಿಲ್ದಾಣದಲ್ಲಿ ಕೂತು ನನ್ನ ಪಟ್ಟಿಯನ್ನು ತಿದ್ದಿದೆ. ‘ವಸಂತಸೇನಾ, 1931’ ಎಂಬ ಸಾಲಿನ ಮುಂದೆ ಬರೆದೆ: ಏಣಾಕ್ಷಿ ರಾಮರಾವ್ — ನೋಡಿ, ಏಣಾಕ್ಷಿ ಭವನಾನಿ.