ಕೌಡೂರಿನ ವಕೀಲರು, ಜಯನಗರದ ಮತ

ಜಯನಗರಕ್ಕೆ ಹೇಳಿಕೊಳ್ಳುವಂಥ ವಯಸ್ಸಾಗಿಲ್ಲ. ಸ್ವಾತಂತ್ರ್ಯ ಬಂದ ಮರುವರ್ಷ, 1948ರಲ್ಲಿ, ಗವರ್ನರ್ ಜನರಲ್ ರಾಜಾಜಿ ಶಂಕುಸ್ಥಾಪನೆ ಮಾಡಿದ ಬಡಾವಣೆ ಇದು. ಹೆಸರು ಜಯಚಾಮರಾಜ ಒಡೆಯರದು. ಭೈರಸಂದ್ರ, ಸಿದ್ದಾಪುರ, ಯಡಿಯೂರು, ಮಾರೇನಹಳ್ಳಿಗಳ ಹೊಲ ತೋಟಗಳ ಸೀಮೆಯಲ್ಲಿ ಬ್ಲಾಕು, ಮೇನು, ಕ್ರಾಸುಗಳು ಎದ್ದವು. ಸೈಟು ಹಿಡಿದು ಮನೆ ಕಟ್ಟಿಸಿದವರಲ್ಲಿ ಸರ್ಕಾರಿ ನೌಕರರು, ಮೇಷ್ಟರುಗಳು, ಬ್ಯಾಂಕಿನವರು ಬಹಳ. ಇವರೆಲ್ಲ ಸೇರಿ ಒಮ್ಮೆ ಇಡೀ ರಾಜ್ಯ ಒಂದು ಕಡೆ ನಡೆದರೆ ತಾವು ಇನ್ನೊಂದು ಕಡೆ ನಡೆದರು. ಅದು 1977ರ ಮಾರ್ಚ್.

ತುರ್ತು ಪರಿಸ್ಥಿತಿಯ ನಂತರದ ಆ ಲೋಕಸಭಾ ಚುನಾವಣೆಯಲ್ಲಿ, ಜಯನಗರವೂ ಸೇರಿದ್ದ ಬೆಂಗಳೂರು ದಕ್ಷಿಣದಲ್ಲಿ ಎದುರುಬದುರಾದ ಇಬ್ಬರೂ ಮೂಲತಃ ವಕೀಲರು. ಕಾಂಗ್ರೆಸ್ಸಿನವರು ಕೆಂಗಲ್ ಹನುಮಂತಯ್ಯ. ಮಾಜಿ ಮುಖ್ಯಮಂತ್ರಿ, ವಿಧಾನಸೌಧ ಕಟ್ಟಿಸಿದವರು, ಬೆಂಗಳೂರಿನಿಂದ ಮೂರು ಸಲ ಲೋಕಸಭೆಗೆ ಹೋದವರು. ಜನತಾ ಪಕ್ಷದವರು ಕೆ.ಎಸ್. ಹೆಗ್ಡೆ. ಇವರಿಗೆ ಈ ಊರು ಅಷ್ಟಕ್ಕಷ್ಟೇ. ಹುಟ್ಟಿದ್ದು 1909ರಲ್ಲಿ, ಕಾರ್ಕಳದ ಕಡೆಯ ಕೌಡೂರಿನಲ್ಲಿ. ಮದರಾಸಿನಲ್ಲಿ ಕಾನೂನು ಓದಿ, ದಕ್ಷಿಣ ಕನ್ನಡದಲ್ಲಿ ಕರಿಕೋಟು ತೊಟ್ಟು, ಸರ್ಕಾರಿ ವಕೀಲರೂ ಆಗಿದ್ದರು. ಆ ಜಿಲ್ಲೆ ಆಗಿನ್ನೂ ಮದರಾಸಿಗೆ ಸೇರಿದ್ದರಿಂದ 1952ರಲ್ಲಿ ರಾಜ್ಯಸಭೆಗೆ ಹೋದದ್ದೂ ಮದರಾಸು ರಾಜ್ಯದ ಪರವಾಗಿ, ಕಾಂಗ್ರೆಸ್ ಸದಸ್ಯರಾಗಿ.

1957ರಲ್ಲಿ ಆ ಸ್ಥಾನ ಬಿಟ್ಟು ಮೈಸೂರು ಹೈಕೋರ್ಟಿನ ನ್ಯಾಯಮೂರ್ತಿಯಾದರು. ಆಳುವ ಪಕ್ಷದ ಸಂಸದ ನೆಟ್ಟಗೆ ನ್ಯಾಯಪೀಠಕ್ಕೆ! ಇಂದಾದರೆ ಟೀವಿಯವರಿಗೆ ವಾರದ ಊಟ. ಆದರೆ ಪೀಠವೇರಿದ ಹೆಗ್ಡೆ ಪಕ್ಷದ ಋಣ ತೀರಿಸಲು ಕೂತವರಲ್ಲ. 1966ರಲ್ಲಿ ದೆಹಲಿ ಹೈಕೋರ್ಟಿನ ಮೊದಲ ಮುಖ್ಯ ನ್ಯಾಯಮೂರ್ತಿ, ಮರುವರ್ಷ ಸುಪ್ರೀಂ ಕೋರ್ಟು. ಇಂದಿರಾ ಗಾಂಧಿಯವರ ಆಯ್ಕೆ ಪ್ರಶ್ನಿಸಿ ರಾಜ್ ನಾರಾಯಣ್ ಹೂಡಿದ್ದ ತಕರಾರಿನಲ್ಲಿ 1972ರಲ್ಲಿ ಅರ್ಜಿದಾರನಿಗೆ ದಾರಿ ಬಿಟ್ಟುಕೊಟ್ಟ ಪೀಠದಲ್ಲಿ ಅವರಿದ್ದರು. ಕಾಸರಗೋಡಿನ ಎಡನೀರು ಮಠದ ಸ್ವಾಮಿಗಳು ಹೂಡಿದ ಕೇಶವಾನಂದ ಭಾರತಿ ಮೊಕದ್ದಮೆಯಲ್ಲಿ, ಸಂವಿಧಾನದ ಮೂಲ ಸ್ವರೂಪಕ್ಕೆ ಸಂಸತ್ತು ಕೈ ಹಾಕುವಂತಿಲ್ಲ ಎಂದ ಏಳು ಜನರಲ್ಲೂ ಒಬ್ಬರು. ಉಳಿದ ಆರು ಜನರದು ಬೇರೆ ಮಾತು. ತೀರ್ಪು ಬಂದದ್ದು 1973ರ ಏಪ್ರಿಲ್ 24ಕ್ಕೆ. ಮರುದಿನವೇ ಹಿರಿಯರಾದ ಶೇಲತ್, ಹೆಗ್ಡೆ, ಗ್ರೋವರ್ ಮೂವರನ್ನೂ ದಾಟಿಸಿ ಎ.ಎನ್. ರೇ ಅವರನ್ನು ಮುಖ್ಯ ನ್ಯಾಯಮೂರ್ತಿ ಎಂದು ಸಾರಲಾಯಿತು. ಮೂವರೂ ರಾಜೀನಾಮೆ ಕೊಟ್ಟರು.

ದಕ್ಷಿಣ ಬೆಂಗಳೂರು ಮತ ಹಾಕಿದ್ದು ಆ ರಾಜೀನಾಮೆಗೆ ಎಂದೇ ನನ್ನ ಎಣಿಕೆ. ಹನುಮಂತಯ್ಯನವರ ಮೇಲೆ ಜನರಿಗೆ ಸಿಟ್ಟಿತ್ತೆಂದು ನನಗನಿಸುವುದಿಲ್ಲ. ಲಾಲ್‌ಬಾಗಿನ ಕಡೆಯ ಡಬಲ್ ರೋಡಿಗೆ ಅವರದೇ ಹೆಸರು. ಉತ್ತರ ಭಾರತದಲ್ಲಿ ಕಾಂಗ್ರೆಸ್ ಕೊಚ್ಚಿಹೋದರೂ ಕರ್ನಾಟಕದ 28ರಲ್ಲಿ 26 ಅದರ ಪಾಲಾದವು. ಜನತೆಗೆ ದಕ್ಕಿದ ಎರಡು ಹಾಸನ ಮತ್ತು ಬೆಂಗಳೂರು ದಕ್ಷಿಣ. ಆ ಕಾಲದ ಕಾವು ಹಚ್ಚಿದ ಜಯಪ್ರಕಾಶ ನಾರಾಯಣರ ಹೆಸರನ್ನು ಸಾರಕ್ಕಿಯ ಸುತ್ತಲ ಬಡಾವಣೆ ಹೊತ್ತುಕೊಂಡಿದೆ. ಈಗ ಜೆಪಿ ನಗರ ಅಂದರೆ ಜೆಪಿ ನೆನಪಾಗುವವರು ಎಷ್ಟು ಮಂದಿಯೋ.

ನೀಲಂ ಸಂಜೀವ ರೆಡ್ಡಿ ರಾಷ್ಟ್ರಪತಿಯಾದಾಗ ತೆರವಾದ ಸ್ಪೀಕರ್ ಕುರ್ಚಿ 1977ರ ಜುಲೈನಲ್ಲಿ ಹೆಗ್ಡೆಯವರಿಗೆ ಬಂತು. ಮುಂದಿನ ವರ್ಷ ಚಿಕ್ಕಮಗಳೂರಿನಿಂದ ಗೆದ್ದು ಬಂದ ಇಂದಿರಾ ಅವರನ್ನು ಡಿಸೆಂಬರಿನಲ್ಲಿ ಲೋಕಸಭೆ ಹಕ್ಕುಚ್ಯುತಿಯ ಮೇಲೆ ಹೊರಹಾಕಿದಾಗ ಸ್ಪೀಕರ್ ಅವರೇ. ಕರ್ನಾಟಕದ ಒಂದು ಕ್ಷೇತ್ರ ಕಳಿಸಿದವರನ್ನು ಹೊರಗೆ ಕಳಿಸಿದ ಸದನಕ್ಕೆ ಕರ್ನಾಟಕದ ಇನ್ನೊಂದು ಕ್ಷೇತ್ರದವರು ಅಧ್ಯಕ್ಷರು. ನಿಟ್ಟೆಯಲ್ಲಿ ಅವರು ಶಿಕ್ಷಣ ಟ್ರಸ್ಟ್ ಕಟ್ಟಿದ್ದು 1979ರಲ್ಲಿ, ತೀರಿಕೊಂಡದ್ದು 1990ರಲ್ಲಿ.

ಕ್ಷೇತ್ರದ ಹಟ ಹೆಗ್ಡೆಯವರೊಂದಿಗೆ ಮುಗಿಯಲಿಲ್ಲ. 1980ರಲ್ಲಿ ಜನತಾ ಪಕ್ಷಕ್ಕೆ ಕರ್ನಾಟಕದಲ್ಲಿ ಸಿಕ್ಕ ಒಂದೇ ಸೀಟು ಇದು, ಗೆದ್ದವರು ಟಿ.ಆರ್. ಶಾಮಣ್ಣ. ಇಂದಿರಾ ಹತ್ಯೆಯ ನಂತರದ 1984ರಲ್ಲೂ ಇಲ್ಲಿ ಜನತೆಯ ವಿ.ಎಸ್. ಕೃಷ್ಣ ಅಯ್ಯರ್. ಈ ಭಾಗದ ಮತದಾರರು ಅಲೆಗೆ ಬಗ್ಗುವವರಲ್ಲ ಎಂದು ಬರೆಯಲು ಹೊರಟರೆ 1989 ಅಡ್ಡ ಬರುತ್ತದೆ: ರಾಜ್ಯವೆಲ್ಲ ಕಾಂಗ್ರೆಸ್ ಕಡೆ ವಾಲಿದಾಗ ಇವರೂ ಗುಂಡೂರಾಯರನ್ನು ಗೆಲ್ಲಿಸಿದರು. 1991ರಲ್ಲಿ ಅರ್ಥಶಾಸ್ತ್ರದ ಮೇಷ್ಟರು ವೆಂಕಟಗಿರಿಗೌಡರು ಬಿಜೆಪಿಯಿಂದ ಗೆದ್ದರು. ಆಮೇಲೆ ಕ್ಷೇತ್ರ ಪಕ್ಷ ಬದಲಿಸಿಲ್ಲ.